ಕೇಳಿಸ್ತಾ? ಕೇಳಿಸ್ತು

ಹೋದ ಭಾನುವಾರ ಒಂಬತ್ತು ವರ್ಷದ ಮಗಳು ಆಡಿದ ಒಂದು ಮಾತು ಇನ್ನೂ ಚುಚ್ಚುತ್ತಲೇ ಇದೆ.

ನ್ಯೂಜೆರ್ಸಿಗೆ ಬಂದ ಮೇಲೆ ಮತ್ತೆ ಹ್ಯಾಮ್ ರೇಡಿಯೋ ಹಿಡಿದಿದ್ದೇನೆ, ಅಂದರೆ ಮನೆಯ ರೇಡಿಯೋದಿಂದಲೇ ದೂರದವರನ್ನು ಸಂಪರ್ಕಿಸುವ ಹವ್ಯಾಸ. ಊರಲ್ಲಿ ಪರೀಕ್ಷೆ ಪಾಸಾಗಿಯೂ ಲೈಸೆನ್ಸ್‌ಗೆ ತಿಂಗಳುಗಟ್ಟಲೆ ಕಾದಿದ್ದೆ. ಇಲ್ಲಿ ಕೆಲವೇ ದಿನದಲ್ಲಿ ಕಾಲ್‌ಸೈನ್, ಅಂದರೆ ರೇಡಿಯೋದಲ್ಲಿ ನನ್ನ ಗುರುತಿನ ಹೆಸರು, ಬಂತು. ಕಲಿಯಬೇಕು ಅಂತ ಬರುವ ಹುಡುಗರನ್ನು ನಾವು ಅಷ್ಟು ಕಾಯಿಸಬಾರದು.

ಈ ಸಲ ಎಫ್‌ಟಿ8 ಹಾಕಿಕೊಳ್ಳಲು ಕೂತೆ. ಮಾತಾಡುವ ಬದಲು ಕಂಪ್ಯೂಟರ್ ಮೂಲಕ ಪುಟ್ಟ ಪುಟ್ಟ ಸಂದೇಶ ಕಳಿಸುವ ವಿಧಾನ ಅದು. ಇದಕ್ಕೆ ಮೈಕ್ ಬೇಡ. ರೇಡಿಯೋದಿಂದ ಲ್ಯಾಪ್‌ಟಾಪ್‌ಗೆ ಒಂದು ಯುಎಸ್‌ಬಿ ಕೇಬಲ್, ಜೊತೆಗೆ ಡಬ್ಲ್ಯೂಎಸ್‌ಜೆಟಿ-ಎಕ್ಸ್ ಅನ್ನುವ ಸಾಫ್ಟ್‌ವೇರ್. ಅದನ್ನು ಶುರು ಮಾಡಿದ ಜೋ ಟೇಲರ್ 1993ರಲ್ಲಿ ಭೌತಶಾಸ್ತ್ರದ ನೊಬೆಲ್ ಪಡೆದವರು, ಇದೇ ರಾಜ್ಯದ ಪ್ರಿನ್ಸ್‌ಟನ್ನಿನವರು. ಎಫ್‌ಟಿ8 ಅನ್ನು ಅವರೂ ಸ್ಟೀವ್ ಫ್ರಾಂಕೆಯವರೂ 2017ರಲ್ಲಿ ತಂದರು. ಅಂಥವರು ಮಾಡಿದ್ದು ನಮ್ಮಂಥವರಿಗೆ ಪುಕ್ಕಟೆ ಸಿಗುತ್ತದೆ!

ಪೋರ್ಟ್ ಹುಡುಕಿದೆ. ರೇಡಿಯೋದಲ್ಲೂ ಸಾಫ್ಟ್‌ವೇರಿನಲ್ಲೂ ಬಾಡ್ ರೇಟ್, ಅಂದರೆ ಕೇಬಲ್ಲಿನಲ್ಲಿ ಮಾಹಿತಿ ಓಡುವ ವೇಗ, ಒಂದೇ ಇಟ್ಟೆ. ಎಫ್‌ಟಿ8ನವರು ಸೇರುವ 14.074 ಮೆಗಾಹರ್ಟ್ಸ್‌ಗೆ ತಿರುಗಿಸಿದೆ. ಪರದೆ ತುಂಬ ಸಿಗ್ನಲ್‌ಗಳ ಹಳದಿ ಗೆರೆಗಳು ಇಳಿಯುತ್ತಿದ್ದವು, ಆದರೆ ಒಂದಕ್ಷರವೂ ಮೂಡಲಿಲ್ಲ. ಎರಡು ಸಂಜೆ ಹೀಗೇ ಹೋಯಿತು. ಕೊನೆಗೆ ಪಕ್ಕದ ಮನೆಯ ತಾತ ಬಂದು ನೋಡಿದರು. ಅವರೂ ಹಳೇ ಹ್ಯಾಮ್. ರೇಡಿಯೋ ಮುಟ್ಟಲೇ ಇಲ್ಲ, ಲ್ಯಾಪ್‌ಟಾಪಿನ ಗಡಿಯಾರ ತೋರಿಸಿದರು. ನಾಲ್ಕು ಸೆಕೆಂಡ್ ಹಿಂದಿತ್ತು. ಎಫ್‌ಟಿ8ನಲ್ಲಿ 15 ಸೆಕೆಂಡ್ ಒಬ್ಬರ ಸರದಿ, ಮುಂದಿನ 15 ಇನ್ನೊಬ್ಬರದು. ಸಮಯ ತಪ್ಪಿದರೆ ಎಷ್ಟು ಜೋರಾಗಿ ಕೂಗಿದರೂ ವ್ಯರ್ಥ. ಗಡಿಯಾರ ಸರಿ ಮಾಡಿದ ಕೂಡಲೇ ಸಾಲು ಸಾಲು ಕಾಲ್‌ಸೈನ್ ಮೂಡಿದವು.

ಭಾನುವಾರ ಬೆಳಿಗ್ಗೆ ವಿಯು2 ಅಂತ ಶುರುವಾಗುವ ಒಂದು ಭಾರತದ ಕಾಲ್‌ಸೈನ್ ನನಗೆ ಉತ್ತರ ಕೊಟ್ಟಿತು. ಹ್ಯಾಮ್‌ಗಳು ಜಾಗ ಹೇಳಲು ಭೂಪಟವನ್ನು ಚೌಕಗಳಾಗಿ ಹಂಚಿಕೊಂಡಿದ್ದಾರೆ; ಇವರ ಚೌಕ ಎಂಕೆ82. ಬೆಂಗಳೂರು, ಮೈಸೂರು, ನಮ್ಮ ನಂಜನಗೂಡು ಎಲ್ಲ ಅದರೊಳಗೇ. ಕೈ ನಡುಗಿತು. ಅವರ ಸಿಗ್ನಲ್ ಮೈನಸ್ 19 ಡೆಸಿಬೆಲ್, ಅಂದರೆ ಗದ್ದಲಕ್ಕಿಂತ ಎಷ್ಟೋ ಕೆಳಗೆ. ಕಿವಿಗೆ ಬರೀ ಗೊರ್ ಅನ್ನುವ ಸದ್ದು, ಅದರೊಳಗಿಂದ ಊರು ಬಂತು. ನಾನು ಅವರಿಗೆ ಎಷ್ಟು ಕೇಳಿಸಿದೆ, ಅವರು ನನಗೆ ಎಷ್ಟು ಕೇಳಿಸಿದರು, ಆಮೇಲೆ 73, ಅಂದರೆ ಶುಭಾಶಯ. ಒಂದೂವರೆ ನಿಮಿಷದಲ್ಲಿ ಮುಗಿಯಿತು.

ಪಕ್ಕದಲ್ಲಿ ನಿಂತಿದ್ದ ಮಗಳು ಹೇಳಿದಳು, "ಅಪ್ಪ, ಇದು ನೀನು ಅಜ್ಜಿ ಜೊತೆ ಮಾತಾಡೋ ಥರಾನೇ ಇದೆ. ಕೇಳಿಸ್ತಾ, ಕೇಳಿಸ್ತು, ಊಟ ಆಯ್ತಾ, ಆಯ್ತು, ಇಡ್ತೀನಿ."

ನನ್ನ ಬಾಯಿ ಕಟ್ಟಿತು.

ಹಾಸ್ಟೆಲಿನ ದಿನಗಳು ನೆನಪಾದವು. ಬೆಂಗಳೂರಿನ ಎಸ್‌ಟಿಡಿ ಬೂತ್. ಊರಲ್ಲಿ ಎದುರು ಅಂಗಡಿಯ ಫೋನಿಗೆ ಅಮ್ಮ ಏದುಸಿರು ಬಿಡುತ್ತಾ ಓಡಿ ಬರುತ್ತಿದ್ದಳು. ನನ್ನ ಕಣ್ಣು ಮೀಟರಿನ ಕೆಂಪು ಅಂಕಿಗಳ ಮೇಲೆ. "ದುಡ್ಡು ಓಡ್ತಿದೆ ಮಗ, ಇಡು" ಅಂತ ಅವಳೇ ಅವಸರ ಮಾಡುತ್ತಿದ್ದಳು. ಮೀಟರ್ ಹೋಗಿ ಎಷ್ಟೋ ವರ್ಷವಾಯಿತು. ಅಮ್ಮನ ಅವಸರ ಹೋಗಿಲ್ಲ. ನಾನೂ ಅದನ್ನೇ ಅನುಕೂಲ ಮಾಡಿಕೊಂಡಿದ್ದೆ.

ಅವತ್ತು ಫೋನ್ ಮಾಡಿದಾಗಲೂ ಅದೇ. ಊಟ ಆಯ್ತಾ, ಆಯ್ತು, "ಇಡ್ಲಾ ಮಗ?"

"ಇಡಬೇಡಮ್ಮ. ದುಡ್ಡು ಓಡಲ್ಲ. ಸುಮ್ನೆ ಏನಾದ್ರೂ ಹೇಳು."

ಸ್ವಲ್ಪ ಹೊತ್ತು ಮಾತಿಲ್ಲ. ಆಮೇಲೆ ಮೆಲ್ಲಗೆ ಹೇಳಿದಳು. ಹಿತ್ತಿಲ ಹಲಸಿನ ಕೊಂಬೆ ಮುರಿದು ಅಡುಗೆಮನೆ ಹೆಂಚಿನ ಮೇಲೆ ಬಿದ್ದು ಮೂರು ವಾರವಾಯಿತಂತೆ.