ಮರಣ ನೋಂದಣಿ: 21 ದಿನದೊಳಗೆ ಮುಗಿಸಿ, ಹೆಸರು ಎರಡು ಸಲ ಓದಿ

ತಿಥಿ ಮುಗಿಯುವ ತನಕ ಮನೆಯಲ್ಲಿ ಕಾಗದಪತ್ರದ ಮಾತು ಯಾರೂ ಎತ್ತುವುದಿಲ್ಲ. ಎತ್ತದಿದ್ದರೂ ನಷ್ಟವೇನಿಲ್ಲ. ಹದಿಮೂರನೇ ದಿನ ಕಳೆದ ಮೇಲೂ, ಕಾನೂನು ಕೊಟ್ಟ 21 ದಿನದಲ್ಲಿ ಇನ್ನೂ ಒಂದು ವಾರ ಕೈಯಲ್ಲಿರುತ್ತದೆ. ಎಡವಟ್ಟಾಗುವುದು ಸ್ಮಶಾನದ ರಸೀದಿಯನ್ನೇ ಮರಣ ಪ್ರಮಾಣಪತ್ರ ಅಂದುಕೊಂಡು ಸುಮ್ಮನಾದಾಗ. ಆ ರಸೀದಿ ಬರೀ ಪುರಾವೆ. ಪೌತಿ ಖಾತೆಗೆ (ತೀರಿಕೊಂಡವರ ಜಮೀನನ್ನು ವಾರಸುದಾರರ ಹೆಸರಿಗೆ ಮಾಡಿಸುವುದಕ್ಕೆ), ಬ್ಯಾಂಕಿಗೆ, ವಿಮೆಗೆ ಬೇಕಾಗುವುದು 1969ರ ಜನನ ಮರಣ ನೋಂದಣಿ ಕಾಯ್ದೆಯಡಿ ನೋಂದಣಾಧಿಕಾರಿ ಕೊಡುವ ಪತ್ರ.

ನೋಂದಣಿ ಆಗುವುದು ಸಾವು ಸಂಭವಿಸಿದ ಜಾಗದಲ್ಲಿ, ಸ್ವಂತ ಊರಿನಲ್ಲಲ್ಲ. ಊರು ಹಾಸನವಾಗಿದ್ದು ಪ್ರಾಣ ಹೋಗಿದ್ದು ಬೆಂಗಳೂರಿನಲ್ಲಾದರೆ ಬೆಂಗಳೂರಿನಲ್ಲೇ ಮಾಡಿಸಬೇಕು. ಓಡುವ ವಾಹನದಲ್ಲಿ ತೀರಿಕೊಂಡರೆ, ವಾಹನ ಮೊದಲು ನಿಂತ ಜಾಗದ ವ್ಯಾಪ್ತಿಯಲ್ಲಿ. ಆಂಬುಲೆನ್ಸಿನಲ್ಲೇ ತೀರಿಕೊಂಡವರ ವಿಷಯದಲ್ಲಿ ಆಸ್ಪತ್ರೆಯವರು 'ನಮ್ಮಲ್ಲಿ ಆದದ್ದಲ್ಲ' ಎನ್ನುವುದೂ, ಮನೆಯವರು ಎರಡು ಕಚೇರಿಗಳ ನಡುವೆ ಅಲೆಯುವುದೂ ಇದರಿಂದಲೇ.

ಆಸ್ಪತ್ರೆಯಲ್ಲಾದರೆ ವರದಿ ಕಳಿಸುವುದು ಆಸ್ಪತ್ರೆಯ ಹೊಣೆ. ಮನೆಯಲ್ಲಾದರೆ ಕುಟುಂಬದ ಯಜಮಾನರು ಅಥವಾ ಹತ್ತಿರದ ಸಂಬಂಧಿ ಮರಣ ವರದಿಯನ್ನು (ನಮೂನೆ 2) ತುಂಬಿ ಕೊಡಬೇಕು. ಕೊನೆಯ ಕಾಯಿಲೆಗೆ ಮದ್ದು ಕೊಡುತ್ತಿದ್ದ ವೈದ್ಯರಿಂದ ಸಾವಿನ ಕಾರಣದ ಪತ್ರವನ್ನೂ (ನಮೂನೆ 4ಎ) ತೆಗೆದುಕೊಳ್ಳಬೇಕು. ಇದಕ್ಕೆ ಅವರು ಶುಲ್ಕ ಕೇಳುವಂತಿಲ್ಲ.

ಇನ್ನು ಹೆಸರು. ಮುಂದೆ ಬರುವ ಬಹುಪಾಲು ತಾಪತ್ರಯ ಇಲ್ಲೇ ಹುಟ್ಟುತ್ತದೆ. ಆಸ್ಪತ್ರೆಗೆ ಸೇರಿಸುವ ಗಡಿಬಿಡಿಯಲ್ಲಿ ಯಾರೋ ಹೇಳಿದ ಹೆಸರೇ ವರದಿಗೂ ಇಳಿಯುತ್ತದೆ. ಪಹಣಿಯಲ್ಲಿ 'ತಿಮ್ಮೇಗೌಡ ಬಿನ್ ಕರೀಗೌಡ', ಆಧಾರ್‌ನಲ್ಲಿ 'ತಿಮ್ಮಪ್ಪ ಕೆ.', ಆಸ್ಪತ್ರೆ ಫೈಲಿನಲ್ಲಿ 'ತಿಮ್ಮಣ್ಣ': ಮೂವರೂ ಒಬ್ಬರೇ ಎಂದು ಆಮೇಲೆ ಸಾಬೀತು ಮಾಡುವ ಕೆಲಸ ಮಕ್ಕಳ ತಲೆಗೆ. ವರದಿ ಹೋಗುವ ಮುನ್ನ ಆಧಾರ್ ಪ್ರತಿ ಕೊಟ್ಟು, ಹೆಸರು, ತಂದೆ ಅಥವಾ ಗಂಡನ ಹೆಸರು, ತಾಯಿಯ ಹೆಸರು, ಖಾಯಂ ವಿಳಾಸ, ಸತ್ತ ದಿನಾಂಕ ಎಲ್ಲವನ್ನೂ ಕನ್ನಡದಲ್ಲೂ ಇಂಗ್ಲಿಷಿನಲ್ಲೂ ಅಕ್ಷರ ಅಕ್ಷರ ಓದಿ. ರಾತ್ರಿ ಹನ್ನೆರಡರ ಆಚೀಚೆ ಆದ ಸಾವಿಗೆ ದಿನಾಂಕವನ್ನು ಇನ್ನೊಮ್ಮೆ ನೋಡಿ.

ತಪ್ಪು ಬಿದ್ದೇಬಿಟ್ಟರೆ 15ನೇ ಕಲಮಿನಡಿ ತಿದ್ದುಪಡಿ ಉಂಟು. ಮೂಲ ನಮೂದನ್ನು ಅಳಿಸುವುದಿಲ್ಲ. ನೋಂದಣಾಧಿಕಾರಿ ಪಕ್ಕದ ಅಂಚಿನಲ್ಲಿ ಸರಿಯಾದದ್ದನ್ನು ಬರೆದು ಸಹಿ, ದಿನಾಂಕ ಹಾಕುತ್ತಾರೆ. ಒಂದಕ್ಷರದ ಬರಹದ ತಪ್ಪು ಬೇಗ ಸರಿಹೋಗುತ್ತದೆ. ವಿವರವೇ ಬೇರೆಯಾಗಿದ್ದರೆ ವಿಷಯ ಬಲ್ಲ ಇಬ್ಬರು ವಿಶ್ವಾಸಾರ್ಹರ ಘೋಷಣೆ ಕೊಡಬೇಕು.

21 ದಿನದೊಳಗೆ ನೋಂದಣಿ ಉಚಿತ, ಮೊದಲ ಪ್ರಮಾಣಪತ್ರವೂ ಉಚಿತ. 30 ದಿನದವರೆಗೆ ತಡದ ಶುಲ್ಕ ಕಟ್ಟಿದರೆ ಸಾಕು. 30 ದಿನ ದಾಟಿ ಒಂದು ವರ್ಷದೊಳಗಾದರೆ ಜಿಲ್ಲಾ ನೋಂದಣಾಧಿಕಾರಿಯ ಅಥವಾ ಸರ್ಕಾರ ಗೊತ್ತುಮಾಡಿದ ಅಧಿಕಾರಿಯ ಲಿಖಿತ ಅನುಮತಿ, ಶುಲ್ಕ, ಸ್ವಯಂ ದೃಢೀಕರಿಸಿದ ದಾಖಲೆ ಬೇಕು. ವರ್ಷ ದಾಟಿದರೆ ಜಿಲ್ಲಾ ಅಥವಾ ಉಪವಿಭಾಗ ದಂಡಾಧಿಕಾರಿಯ, ಇಲ್ಲವೇ ಜಿಲ್ಲಾ ದಂಡಾಧಿಕಾರಿ ಅಧಿಕಾರ ಕೊಟ್ಟ ಕಾರ್ಯನಿರ್ವಾಹಕ ದಂಡಾಧಿಕಾರಿಯ ಆದೇಶವೇ ಆಗಬೇಕು. ಹಿಂದೆ ಇದಕ್ಕೆ ಪ್ರಥಮ ದರ್ಜೆ ಮ್ಯಾಜಿಸ್ಟ್ರೇಟ್ ಕೋರ್ಟಿಗೆ ಹೋಗಬೇಕಿತ್ತು. 2023ರ ಅಕ್ಟೋಬರ್ 1ರಂದು ಜಾರಿಗೆ ಬಂದ ತಿದ್ದುಪಡಿ ಇದನ್ನು ಬದಲಿಸಿತು. ಹಳೇ ಲೆಕ್ಕದಲ್ಲಿ 'ಕೋರ್ಟಿಗೆ ಹೋಗಿ' ಎನ್ನುವವರು ಇನ್ನೂ ಸಿಗುತ್ತಾರೆ. ಸ್ಮಶಾನದ ರಸೀದಿ, ಆಸ್ಪತ್ರೆಯ ಕಾಗದಗಳು ಬೆಲೆ ಬಾಳುವುದು ಈ ಹಂತದಲ್ಲೇ, ಬಿಸಾಡಬೇಡಿ. ನೋಂದಣಾಧಿಕಾರಿಯ ಆದೇಶ ಸರಿಯಿಲ್ಲ ಅನಿಸಿದರೆ 30 ದಿನದೊಳಗೆ ಜಿಲ್ಲಾ ನೋಂದಣಾಧಿಕಾರಿಗೆ ಮೇಲ್ಮನವಿ ಹಾಕಬಹುದು.

ಪ್ರಮಾಣಪತ್ರದಲ್ಲಿ ಸಾವಿನ ಕಾರಣ ಇರುವುದಿಲ್ಲ. ಅದನ್ನು ತೋರಿಸಬಾರದೆಂದು ಕಾಯ್ದೆಯೇ ಹೇಳುತ್ತದೆ. ವಿಮೆ ಕಂಪನಿ ಕಾರಣ ಕೇಳಿದಾಗ 'ಇದರಲ್ಲಿ ಬಿಟ್ಟುಹೋಗಿದೆ' ಎಂದು ತಿದ್ದುಪಡಿಗೆ ಓಡಬೇಡಿ. ಕಾರಣದ ವೈದ್ಯಕೀಯ ಪತ್ರದ ಪ್ರತಿಯನ್ನು ಆಸ್ಪತ್ರೆ ಹತ್ತಿರದ ಸಂಬಂಧಿಗೆ ಕೊಡಲೇಬೇಕು. ಹೆಣ ಬಿಡಿಸಿಕೊಳ್ಳುವ ದಿನವೇ ಕೇಳಿ ಪಡೆದು, ಎರಡು ಜೆರಾಕ್ಸ್ ತೆಗೆಸಿಡಿ.