ಮೂರೇ ಚಿತ್ರಗಳ ನಿರ್ದೇಶಕ

1944ರಲ್ಲಿ ಫ್ರಾನ್ಸಿನ ಜುರಾ ಸೀಮೆಯಲ್ಲಿ ಹುಟ್ಟಿದ ಜಾನ್-ಫ್ರಾನ್ಸ್ವಾ ಸ್ಟೆವೆನಾ, ವಾಣಿಜ್ಯ ಶಿಕ್ಷಣದ ಹಾದಿ ಬಿಟ್ಟು ಸಿನಿಮಾಕ್ಕೆ ಬಂದವರು. ಹೆಸರಾಂತ ಫ್ರೆಂಚ್ ನಿರ್ದೇಶಕ ಫ್ರಾನ್ಸ್ವಾ ತ್ರುಫೋ ಅವರ ಬಳಿ ಸಹಾಯಕ ನಿರ್ದೇಶಕರಾಗಿ ದುಡಿದು, ಅವರದೇ 1976ರ ಚಿತ್ರವೊಂದರಲ್ಲಿ ಶಾಲಾ ಮೇಷ್ಟ್ರ ಪಾತ್ರ ವಹಿಸಿದರು. ನಟರಾಗಿ ಅವರಿಗೆ ಬಿಡುವಿರಲಿಲ್ಲ. ಆದರೂ ನನ್ನ ಮಟ್ಟಿಗೆ ಅವರ ನಿಜವಾದ ಗಳಿಕೆಯೆಂದರೆ 1978, 1986 ಮತ್ತು 2002ರಲ್ಲಿ ಸ್ವತಃ ನಿರ್ದೇಶಿಸಿದ ಮೂರು ಚಿತ್ರಗಳು. ಮೊದಲನೆಯದಾದ ‘ಲ ಪಾಸ್-ಮೊಂತಾಞ್’ದಲ್ಲಿ, ಕಾರು ಕೆಟ್ಟು ನಿಂತ ಪ್ಯಾರಿಸ್ಸಿನ ವಾಸ್ತುಶಿಲ್ಪಿಯೊಬ್ಬನಿಗೆ ಮೆಕ್ಯಾನಿಕ್ ಒಬ್ಬ ಆಸರೆ ಕೊಡುತ್ತಾನೆ, ಆಮೇಲೆ ಇಬ್ಬರೂ ಜುರಾದ ಬೆಟ್ಟಕಾಡುಗಳಲ್ಲಿ ಅಲೆಯುತ್ತಾ, ಇದೆಯೋ ಇಲ್ಲವೋ ತಿಳಿಯದ ಕಣಿವೆಯೊಂದನ್ನು ಹುಡುಕುತ್ತಾರೆ. ಮೆಕ್ಯಾನಿಕ್ ಪಾತ್ರ ಸ್ಟೆವೆನಾ ಅವರದೇ, ವಾಸ್ತುಶಿಲ್ಪಿಯಾದವರು ಜಾಕ್ ವಿಲ್ಲರೆ. ಕಥೆಯೆಂದು ಹೇಳಿಕೊಳ್ಳುವಂಥದ್ದು ಇಷ್ಟೇ (ಗಟ್ಟಿ ಕಥೆ ಬೇಕೆನ್ನುವವರಿಗೆ ಇದು ಒಗ್ಗಲಾರದು). ಕೊನೆಯದಾದ ‘ಮಿಷ್ಕಾ’, ಮನೆಯವರು ಹೆದ್ದಾರಿಯ ತಂಗುದಾಣದಲ್ಲಿ ಬಿಟ್ಟುಹೋದ ಮುದುಕನೊಬ್ಬನ ಪಯಣ. 2021ರಲ್ಲಿ ತೀರಿಕೊಳ್ಳುವವರೆಗೂ ನಾಲ್ಕನೆಯ ಚಿತ್ರ ಬರಲೇ ಇಲ್ಲ.