"ನಿದ್ದೆ ಬರ್ತಿದೆಯಾ?" ಅಂತ ಡ್ರೈವರನ್ನೇ ಕೇಳಬೇಡಿ

ರಾತ್ರಿ ಓಡುವ ಲಾರಿಗಳಿಗೆ ಡ್ಯೂಟಿ ಚಾರ್ಟ್ ಹಾಕುವುದು ನನ್ನ ಕೆಲಸ. "ನಿದ್ದೆ ಬರ್ತಿದೆಯಾ?" ಅಂತ ಡ್ರೈವರನ್ನು ಕೇಳಿ ಪ್ರಯೋಜನವಿಲ್ಲ ಎಂದು ಇಲ್ಲಿಗೆ ಬಂದ ಮೇಲೆ ಗೊತ್ತಾಯಿತು. "ಏನಿಲ್ಲ ಸಾರ್, ಆರಾಮಾಗಿದೀನಿ" ಅಂತಲೇ ಎಲ್ಲರೂ ಹೇಳುತ್ತಾರೆ. ಅದು ಸುಳ್ಳೂ ಅಲ್ಲ. ತೂಕಡಿಸುವ ತಲೆಗೆ ತಾನೆಷ್ಟು ದಣಿದಿದೆ ಅನ್ನುವುದೇ ಸರಿಯಾಗಿ ತಿಳಿಯುವುದಿಲ್ಲ. 17 ಗಂಟೆ ನಿದ್ದೆಯಿಲ್ಲದೆ ಇದ್ದರೆ ಕೈ-ಕಣ್ಣಿನ ಚುರುಕು ರಕ್ತದಲ್ಲಿ ಶೇ. 0.05ರಷ್ಟು ಮದ್ಯ ಇದ್ದವರ ಮಟ್ಟಕ್ಕೆ ಇಳಿಯುತ್ತದೆ ಎಂದು 1997ರಲ್ಲಿ ಆಸ್ಟ್ರೇಲಿಯಾದ ಸಂಶೋಧಕರು ತೋರಿಸಿದ್ದರು. ಕುಡಿದವರನ್ನು "ಜಾಸ್ತಿ ಆಯ್ತಾ?" ಅಂತ ಕೇಳಿದರೆ ಏನನ್ನುತ್ತಾರೆ, ಗೊತ್ತಲ್ವಾ?

ಅದಕ್ಕೇ ಈಗ ಗಾಡಿ ಹೊರಡುವ ಮುಂಚೆ ಬೇರೆ ಪ್ರಶ್ನೆ ಕೇಳುತ್ತೇನೆ. ಎಷ್ಟು ಹೊತ್ತಿಗೆ ಮಲಗಿದಿರಿ, ಎಷ್ಟಕ್ಕೆ ಎದ್ದಿರಿ? ನೆಗಡಿಗೆ ಮಾತ್ರೆ ತಗೊಂಡಿದೀರಾ? ಕೆಲವು ನೆಗಡಿ ಮಾತ್ರೆಗಳಿಗೆ ಒಳ್ಳೆಯ ನಿದ್ದೆ ಬರುತ್ತದೆ.

ಬೆಳಗಿನ ಜಾವ 2ರಿಂದ 6ರವರೆಗೆ ದೇಹ ನಿದ್ದೆಯನ್ನೇ ಬೇಡುತ್ತದೆ. ಮಧ್ಯಾಹ್ನ ಊಟದ ನಂತರವೂ ಸ್ವಲ್ಪ ಹಾಗೇ. ಕಣ್ಣು ತೆರೆದಿದ್ದರೂ ಮಿದುಳು ಕೆಲವು ಸೆಕೆಂಡ್ ಮಲಗಿಬಿಡಬಹುದು. ಗಂಟೆಗೆ 80 ಕಿ.ಮೀ. ವೇಗದಲ್ಲಿ 4 ಸೆಕೆಂಡ್ ಅಂದರೆ ಸುಮಾರು 90 ಮೀಟರ್. ಆದ್ದರಿಂದ "ನಿದ್ದೆ ಬಂದರೆ ನಿಲ್ಲಿಸಿ" ಎಂದು ನಾನು ಹೇಳುವುದಿಲ್ಲ. ನಿಲ್ಲಿಸುವ ಹೊತ್ತನ್ನು ಚಾರ್ಟ್‌ನಲ್ಲೇ ಬರೆದಿರುತ್ತೇನೆ. ಲೋಡ್ ತಡವಾಯಿತು ಎಂದು ಗೊಣಗುವವರು ಗೊಣಗಲಿ.

ಕಿಟಕಿ ಇಳಿಸುವುದು, ಹಾಡು ಜೋರು ಮಾಡುವುದು, ಇದೆಲ್ಲ ಸುಮ್ನೆ. ಸ್ವಲ್ಪ ಹೊತ್ತಿನಲ್ಲೇ ಮತ್ತೆ ರೆಪ್ಪೆ ಎಳೆಯುತ್ತದೆ. ಕಾಫಿಯಿಂದ ಉಪಯೋಗ ಇದೆ, ಆದರೆ ಅದು ಕೆಲಸ ಶುರು ಮಾಡಲು ಇಪ್ಪತ್ತು-ಮೂವತ್ತು ನಿಮಿಷ ಬೇಕು. ಹಾಗಾಗಿ ಗಾಡಿ ಸುರಕ್ಷಿತ ಜಾಗದಲ್ಲಿ ಹಾಕಿ, ಮೊದಲು ಕಾಫಿ ಕುಡಿದು, 20 ನಿಮಿಷಕ್ಕೆ ಅಲಾರಂ ಇಟ್ಟು ಮಲಗಿಬಿಡಿ. ಎದ್ದಾಗ ಎರಡರ ಲಾಭವೂ ಸಿಗುತ್ತದೆ. ಅದಕ್ಕಿಂತ ಹೆಚ್ಚು ಮಲಗಿದರೆ ಗಾಢ ನಿದ್ದೆಗೆ ಜಾರಿ, ಎದ್ದ ಮೇಲೂ ಮಂಪರು ಬಿಡುವುದಿಲ್ಲ. ಆ ಮಂಪರಿನಲ್ಲಿ ಸ್ಟೇರಿಂಗ್ ಹಿಡಿಯಬಾರದು. ಇಷ್ಟೆಲ್ಲ ಮಾಡಿದರೂ ಸ್ವಲ್ಪ ಹೊತ್ತು ದೂಡಬಹುದು ಅಷ್ಟೆ, ರಾತ್ರಿ ನಿದ್ದೆಯ ಬಾಕಿ ತೀರುವುದಿಲ್ಲ.

ಆಫೀಸಿನಲ್ಲಿ ಕೂತ ನಮಗೂ ಇದೇ ಪಾಡು. ಲೆಕ್ಕ ತಾಳೆ ನೋಡುವಂಥ ಕೆಲಸವನ್ನು ಮಧ್ಯರಾತ್ರಿಗೂ ಮುಂಚೆ ಮುಗಿಸಿಕೊಳ್ಳುತ್ತೇವೆ. ಜಾವದ ಹೊತ್ತಿಗೆ ಎದ್ದು ಓಡಾಡುವ ಕೆಲಸ ಇಟ್ಟುಕೊಳ್ಳುತ್ತೇವೆ.

ಯಾರೂ ಗಮನಿಸದ ಅಪಾಯ ಮಾತ್ರ ಬೇರೆಯೇ ಇದೆ: ಶಿಫ್ಟ್ ಮುಗಿಸಿ ಬೈಕ್‌ನಲ್ಲಿ ಮನೆಗೆ ಹೋಗುವುದು. ಅದಕ್ಕೆಂದೇ ಒಂದು ಖಾಲಿ ಕೋಣೆಯಲ್ಲಿ ಮಂಚ ಹಾಕಿಸಿದೆವು. ಮೊದಮೊದಲು ಅಲ್ಲಿ ಮಲಗಲು ಎಲ್ಲರಿಗೂ ಸಂಕೋಚ. ಈಗ ಒಂದು ಮಂಚ ಸಾಲುತ್ತಿಲ್ಲ, ಇನ್ನೊಂದಕ್ಕೆ ಅರ್ಜಿ ಹಾಕಿದ್ದೇನೆ.